ಮನೆಪಟ್ಟಿ: ಮೇಲ್ವಿಚಾರಕರಿಲ್ಲದ ಪರೀಕ್ಷೆ

ಏಪ್ರಿಲ್ ತಿಂಗಳಲ್ಲಿ ನಮ್ಮ ಕಲಬುರಗಿಯ ಬಿಸಿಲು ಬೆಳಗಿನ ಏಳಕ್ಕೇ ಮೈ ಸುಡತೊಡಗುತ್ತದೆ. ಆದ್ದರಿಂದ ನಿವೃತ್ತರ ನಮ್ಮ ಗುಂಪು ಐದೂವರೆಗೇ ಶರಣಬಸವೇಶ್ವರ ಕೆರೆಯ ಬಳಿ ಕೂಡುತ್ತದೆ. ನಡಿಗೆ ಅರ್ಧ ಗಂಟೆ, ಮಾತು ಒಂದು ಗಂಟೆ. ಮೊನ್ನೆ ಮಾತಿನ ನಡುವೆ, ಈ ವರ್ಷದ ಮನೆಪಟ್ಟಿಯನ್ನು ತುಂಬಿ ಬಂದೆನೆಂದು ಹೇಳಿದೆ. ಅಷ್ಟಕ್ಕೇ ಗುಂಪಿನಲ್ಲಿ ನಗೆಯೆದ್ದಿತು. ದೊಡ್ಡ ಹುದ್ದೆಯಲ್ಲಿದ್ದು ನಿವೃತ್ತರಾದ, ಎರಡು ಅಂತಸ್ತಿನ ಮನೆಯುಳ್ಳ ಮಿತ್ರರೊಬ್ಬರು, "ಮಾಸ್ತರ್ರ, ಇಷ್ಟ್ಯಾಕ ಗಡಬಡಿ ಮಾಡ್ತೀರಿ? ಹತ್ತು ವರ್ಷ ಸುಮ್ನ ಕೂಡ್ರಿ. ಸರ್ಕಾರಾನೇ ಬಡ್ಡಿ ಮನ್ನಾ ಮಾಡಿ ಕರೀತದ. ಮೊದಲ ಕಟ್ಟಾವ ಮಳ್ಳ, ಬಾಕಿ ಇಟ್ಟಾವ ಶಾಣ್ಯಾ" ಎಂದರು. ಉಳಿದವರು ತಲೆಯಾಡಿಸಿದರು. ಇನ್ನೊಬ್ಬರು, "ನಳಕ್ಕ ನೀರಿಲ್ಲ, ರಸ್ತಾಕ್ಕ ಡಾಂಬರಿಲ್ಲ, ಪಟ್ಟಿ ಯಾಕ ಕಟ್ಟಬೇಕು?" ಎಂದು ಸೇರಿಸಿದರು.

ಮೂವತ್ತೈದು ವರ್ಷ ಮಕ್ಕಳಿಗೆ ಪಾಠ ಹೇಳಿದ ನನಗೆ ಅಲ್ಲಿ ಉತ್ತರ ಹೊಳೆಯಲಿಲ್ಲ. ಮನೆಗೆ ಬಂದ ಮೇಲೆ ಹೊಳೆಯಿತು. ಮಿತ್ರರ ಎರಡು ಮಾತುಗಳಲ್ಲಿ ಒಂದು ಅಧರ್ಮದ ಮಾತು, ಇನ್ನೊಂದು ಅರೆಸತ್ಯದ ಮಾತು. ಎರಡನ್ನೂ ಬೇರೆ ಬೇರೆಯಾಗಿ ವಿಚಾರಿಸುವುದು ಈ ಲೇಖನದ ಉದ್ದೇಶ. ಓದುಗ ಮಿತ್ರರು ಕೊನೆಯವರೆಗೂ ತಾಳ್ಮೆಯಿಂದ ಓದಬೇಕು. ನಡುವೆ ನನ್ನದೇ ಒಂದು ತಪ್ಪೊಪ್ಪಿಗೆಯೂ ಇದೆ.

ಮೊದಲು ಕಮಲಾಪುರದ ಮಾತು. ಕಲಬುರಗಿಯಿಂದ ಹುಮನಾಬಾದಿನ ದಾರಿ ಹಿಡಿದು, ಮಹಾಗಾಂವ ಕ್ರಾಸ್ ದಾಟಿ ಹೋದರೆ ಈ ಊರು. ಕೆಂಪು ಬಾಳೆಹಣ್ಣಿನಿಂದ ಹೆಸರಾಗಿ, ಭೌಗೋಳಿಕ ಸೂಚಕದ ಮನ್ನಣೆಯನ್ನೂ ಪಡೆದ ಊರು. 2018ರಲ್ಲಿ ತಾಲ್ಲೂಕು ಕೇಂದ್ರವಾಯಿತು. ನಾನು ಅಲ್ಲಿ ಪ್ರೌಢಶಾಲಾ ಶಿಕ್ಷಕನಾಗಿದ್ದುದು ಅದಕ್ಕೂ ಬಹಳ ಹಿಂದೆ, ತೊಂಬತ್ತರ ದಶಕದಲ್ಲಿ. 1993ರ ಪಂಚಾಯತ್ ರಾಜ್ ಅಧಿನಿಯಮದಂತೆ ಗ್ರಾಮ ಪಂಚಾಯಿತಿಗಳು ಹೊಸದಾಗಿ ರಚನೆಯಾಗಿದ್ದ ಕಾಲವದು. ನಾನು ಬಾಡಿಗೆಗಿದ್ದ ಓಣಿಗೆ ಸುಗ್ಗಿ ಮುಗಿದೊಡನೆ ಕರ ವಸೂಲಿಗಾರನೊಬ್ಬ ಬರುತ್ತಿದ್ದ. ಸೈಕಲ್ಲಿನ ಹಿಡಿಕೆಗೆ ಜೋತುಬಿದ್ದ ಬಟ್ಟೆಯ ಚೀಲ, ಚೀಲದಲ್ಲಿ ರಸೀದಿ ಪುಸ್ತಕ, ಇಂಗಾಲದ ಹಾಳೆ, ಬೆನ್ನು ಕಿತ್ತ ದೊಡ್ಡ ವಹಿ. ಅಕ್ಷರ ಮುದ್ದಾಗಿಲ್ಲವೆಂದು ಸಂಕೋಚಪಡುತ್ತಿದ್ದ ಆತ ಎಷ್ಟೋ ಸಂಜೆ ನಮ್ಮ ಕಟ್ಟೆಯ ಮೇಲೆ ಕುಳಿತು ಲೆಕ್ಕ ಕೂಡಿಸಿಕೊಳ್ಳುತ್ತಿದ್ದ. ವಹಿಯ ಒಂದೊಂದು ಪುಟದಲ್ಲೂ ಮೂರು ಅಂಕಣಗಳು: ಬೇಡಿಕೆ, ವಸೂಲಿ, ಬಾಕಿ. "ಸರ್ರ, ಊರಿನ ಜಾತಕ ಇದ್ರಾಗ ಅದ" ಎನ್ನುತ್ತಿದ್ದ.

ಆ ಮಾತಿನ ಅರ್ಥ ನನಗೆ ನಿಧಾನವಾಗಿ ತಿಳಿಯಿತು. ನಮ್ಮ ಓಣಿಯಲ್ಲಿ ಬಾಳೆಹಣ್ಣು ಮಾರುವ ವಿಧವೆಯೊಬ್ಬಳಿದ್ದಳು. ತಗಡಿನ ಮಾಡಿನ ಒಂದಂಕಣದ ಮನೆ. ಆಕೆಯ ಸಾಲಿನಲ್ಲಿ ಬಾಕಿಯ ಅಂಕಣ ಯಾವಾಗಲೂ ಬರಿದು. ಆತ ಬರುವ ಮೊದಲೇ ಹಣವನ್ನು ಸೆರಗಿನ ತುದಿಗೆ ಗಂಟುಕಟ್ಟಿ ಇಟ್ಟಿರುತ್ತಿದ್ದಳು. ಕೊಟ್ಟು, ರಸೀದಿ ಪಡೆದು, ಓದಲು ಬಾರದಿದ್ದರೂ ಅದನ್ನು ಎರಡು ಸಲ ತಿರುವಿ ನೋಡಿ, ಟ್ರಂಕಿನಲ್ಲಿಡುತ್ತಿದ್ದಳು. ಒಮ್ಮೆ ನಾನು ಕೇಳಿದೆ: "ಇಷ್ಟು ಆತುರವೇಕೆ?" ಆಕೆಯ ಉತ್ತರ: "ಈ ಚೀಟಿ ಬಿಟ್ರ ಈ ಮನಿ ನಂದಂತ ಹೇಳಾಕ ಮತ್ತೇನದ್ರೀ ನಂಬಲ್ಲಿ?"

ಕಾಯದೆಯ ದೃಷ್ಟಿಯಲ್ಲಿ ಕರ ಕಟ್ಟಿದ ರಸೀದಿ ಒಡೆತನದ ಹಕ್ಕುಪತ್ರವಲ್ಲ. ನ್ಯಾಯಾಲಯಗಳು ಇದನ್ನು ಅನೇಕ ಸಲ ಹೇಳಿವೆ. ಆದರೆ ಬೇರೆ ಕಾಗದವಿಲ್ಲದವರ ಪಾಲಿಗೆ ಅದೇ ತಾವು ಇಲ್ಲಿ ಬದುಕಿದ್ದೇವೆಂಬುದರ ಸಾಕ್ಷಿ. ವಿದ್ಯುತ್ ಸಂಪರ್ಕಕ್ಕೂ ಅದೇ, ಪಡಿತರ ಚೀಟಿಯ ವಿಳಾಸಕ್ಕೂ ಅದೇ. ಕಾಗದವುಳ್ಳವನು ಬಾಕಿ ಇಡುತ್ತಾನೆ, ಕಾಗದವಿಲ್ಲದವನು ಮೊದಲು ಕಟ್ಟುತ್ತಾನೆ. ನನ್ನ ಮಿತ್ರರ ಮಾತಿನಂತೆ ಆ ವಿಧವೆ ಮಳ್ಳಿ, ತಾವು ಶಾಣ್ಯಾ. ಈ ಲೆಕ್ಕಾಚಾರವನ್ನು ನಾನು ಒಪ್ಪಲಾರೆ.

ಇನ್ನು ನಗರದ ವಿಷಯ. ಪಟ್ಟಿಯ ಪದ್ಧತಿ ಹೇಗಿದೆಯೆಂದು ತಿಳಿಯದೆ ಬೈಯುವುದು ನಮ್ಮ ಅಭ್ಯಾಸವಾದ್ದರಿಂದ ಸ್ವಲ್ಪ ವಿವರಿಸುತ್ತೇನೆ. ಹಿಂದೆ ಮನೆಯ ವಾರ್ಷಿಕ ಬಾಡಿಗೆ ಮೌಲ್ಯವನ್ನು ಅಂದಾಜು ಮಾಡಿ ಕರ ವಿಧಿಸುತ್ತಿದ್ದರು. ಅಂದಾಜು ಮಾಡುವವನು ನಿರೀಕ್ಷಕ. ಆತನ ಕಣ್ಣಿಗೆ ಮನೆ ದೊಡ್ಡದಾಗಿ ಕಂಡರೆ ಕರ ದೊಡ್ಡದು. ಚಿಕ್ಕದಾಗಿ ಕಾಣುವಂತೆ ಮಾಡುವ ಉಪಾಯಗಳೂ ಜನರಿಗೆ ತಿಳಿದಿದ್ದವು. ಈ ರೋಗಕ್ಕೆ ಮದ್ದೆಂದು ಬಂದದ್ದು ಸ್ವಯಂ ಘೋಷಿತ ಆಸ್ತಿ ತೆರಿಗೆ. ಬೆಂಗಳೂರಿನಲ್ಲಿ 2000ದಲ್ಲಿ, ರಾಜ್ಯದ ಉಳಿದ ನಗರಗಳಲ್ಲಿ 2002-03ರಲ್ಲಿ ಆರಂಭವಾಯಿತು. ನಿವೇಶನದ ಅಳತೆ, ಕಟ್ಟಡದ ಅಳತೆ, ಕಟ್ಟಡದ ಬಗೆ, ಅದರ ಬಳಕೆ ಎಲ್ಲವನ್ನೂ ಮಾಲೀಕನೇ ಬರೆದು, ತಾನೇ ಲೆಕ್ಕ ಹಾಕಿ, ತಾನೇ ತುಂಬಬೇಕು. ಸ್ಥಳೀಯ ಸಂಸ್ಥೆ ನಂಬುತ್ತದೆ. ಬೇಕಾದಾಗ ಪರಿಶೀಲಿಸುವ ಅಧಿಕಾರವನ್ನು ತನ್ನಲ್ಲಿ ಇಟ್ಟುಕೊಂಡಿರುತ್ತದೆ. ಶಿಕ್ಷಕನ ಭಾಷೆಯಲ್ಲಿ ಹೇಳುವುದಾದರೆ ಇದು ಮೇಲ್ವಿಚಾರಕರಿಲ್ಲದ ಪರೀಕ್ಷೆ. ಉತ್ತರಪತ್ರಿಕೆಯನ್ನು ಬರೆಯುವವನೂ ನೀನೇ, ಅಂಕ ಕೊಟ್ಟುಕೊಳ್ಳುವವನೂ ನೀನೇ.

ಈ ಪರೀಕ್ಷೆಯಲ್ಲಿ ನಾನು ನಕಲು ಮಾಡಿದೆ.

ಹೇಳಲು ನಾಚಿಕೆಯಾಗುತ್ತದೆ, ಆದರೂ ಹೇಳದೆ ಇತರರನ್ನು ಬೈಯುವ ಅಧಿಕಾರ ನನಗಿಲ್ಲ. ಕಲಬುರಗಿಯಲ್ಲಿ ಮನೆ ಕಟ್ಟಿದಾಗ ರಸ್ತೆಗೆ ತೆರೆದ ಒಂದು ಕೋಣೆಯನ್ನು ಝೆರಾಕ್ಸ್ ಅಂಗಡಿಗೆ ಬಾಡಿಗೆ ಕೊಟ್ಟಿದ್ದೆ. ವಾಣಿಜ್ಯ ಬಳಕೆಗೆ ಕರದ ದರ ಹೆಚ್ಚು. ನಮೂನೆ ತುಂಬುವಾಗ ಇಡೀ ಕಟ್ಟಡವನ್ನು 'ವಾಸದ ಮನೆ' ಎಂದು ಬರೆದೆ. ಒಂದು ವರ್ಷವಲ್ಲ, ಹಲವು ವರ್ಷ. ಪ್ರತಿ ಮಾರ್ಚಿನಲ್ಲಿ ಹತ್ತನೆಯ ತರಗತಿಯ ಪರೀಕ್ಷಾ ಕೋಣೆಯಲ್ಲಿ ಹುಡುಗರ ಕಿಸೆ ತಡಕಿ ಚೀಟಿ ತೆಗೆಯುತ್ತಿದ್ದವನು, ಏಪ್ರಿಲ್‌ನಲ್ಲಿ ನನ್ನದೇ ಚೀಟಿಯನ್ನು ಕಿಸೆಯಲ್ಲಿಟ್ಟುಕೊಂಡು ಬ್ಯಾಂಕಿಗೆ ಹೋಗುತ್ತಿದ್ದೆ. ಯಾರೂ ನನ್ನನ್ನು ಒತ್ತಾಯಿಸಿರಲಿಲ್ಲ, ಯಾರೂ ದಾರಿ ತಪ್ಪಿಸಿರಲಿಲ್ಲ. ಒಂದು ದಿನ ನನ್ನ ಮಗಳು ನಮೂನೆಯನ್ನು ಓದಿ, "ಅಪ್ಪಾ, ಅಂಗಡಿ ಎಲ್ಲಿ ಹೋಯ್ತು?" ಎಂದು ಕೇಳಿದಳು. ಆ ರಾತ್ರಿ ನನಗೆ ನಿದ್ರೆ ಬರಲಿಲ್ಲ. ಮರುವಾರ ತಿದ್ದಿದ ಘೋಷಣೆಯನ್ನು ಕೊಟ್ಟು ವ್ಯತ್ಯಾಸವನ್ನು ದಂಡಸಹಿತ ತುಂಬಿದೆ. ಮೊತ್ತ ಭಾರವೆನಿಸಿತು, ಆದರೆ ಆಕೆಯ ಪ್ರಶ್ನೆ ಅದಕ್ಕಿಂತ ಭಾರವಾಗಿತ್ತು.

ಈಗ ಮೊದಲನೆಯ ಮಿತ್ರರ ಮಾತಿಗೆ ಬರುತ್ತೇನೆ. ಬಾಕಿ ಇಟ್ಟವನು ಜಾಣನೇ? ಕಪ್ಪುಹಲಗೆಯ ಮೇಲೆ ಲೆಕ್ಕ ಮಾಡೋಣ. ಕರ 1000 ರೂಪಾಯಿ ಎಂದಿಟ್ಟುಕೊಳ್ಳಿ. ಏಪ್ರಿಲ್ ಒಳಗೆ ಕಟ್ಟಿದರೆ ಶೇ. 5ರ ರಿಯಾಯಿತಿ, ಅಂದರೆ 50 ರೂಪಾಯಿ ಉಳಿತಾಯ. ಮೇ, ಜೂನ್‌ಗಳಲ್ಲಿ ರಿಯಾಯಿತಿಯೂ ಇಲ್ಲ, ದಂಡವೂ ಇಲ್ಲ. ಜುಲೈಯಿಂದ ತಿಂಗಳಿಗೆ ಶೇ. 2ರ ದಂಡ. ಮಾರ್ಚ್ ಬರುವಷ್ಟರಲ್ಲಿ ಒಂಬತ್ತು ತಿಂಗಳು, 180 ರೂಪಾಯಿ. ಪೂರ್ಣ ವರ್ಷಕ್ಕೆ ಲೆಕ್ಕ ಹಾಕಿದರೆ ಶೇ. 24. ಯಾವ ಬ್ಯಾಂಕಿನ ಗೃಹಸಾಲಕ್ಕೂ ಇಷ್ಟು ಬಡ್ಡಿಯಿಲ್ಲ. ಆದ್ದರಿಂದ ಲೆಕ್ಕದ ಪ್ರಕಾರ ಬಾಕಿ ಇಡುವವನು ಮೂರ್ಖ. ಹಾಗಿದ್ದೂ ನನ್ನ ಮಿತ್ರರು ಶಾಣ್ಯಾ ಆಗುವುದು ಹೇಗೆ? ಸರ್ಕಾರವೇ ಅವರನ್ನು ಶಾಣ್ಯಾ ಮಾಡುತ್ತದೆ. 2024ರಲ್ಲಿ ಬೆಂಗಳೂರಿನಲ್ಲಿ ಒಂದಾವರ್ತಿ ಯೋಜನೆಯ ಹೆಸರಿನಲ್ಲಿ ಬಾಕಿದಾರರ ಬಡ್ಡಿಯನ್ನು ಮನ್ನಾ ಮಾಡಿ, ದಂಡವನ್ನು ಇಳಿಸಿ, ಗಡುವನ್ನು ಮತ್ತೆ ಮತ್ತೆ ಮುಂದೂಡಿ ನವೆಂಬರ್ ಕೊನೆಯವರೆಗೆ ಎಳೆಯಲಾಯಿತು. ಅದನ್ನು ಕಂಡ ಉಳಿದ ಊರುಗಳ ಬಾಕಿದಾರರೂ ಕಿವಿ ನಿಮಿರಿಸಿ ಕುಳಿತಿದ್ದಾರೆ.

ಇಂತಹ ಯೋಜನೆಗಳಿಂದ ಖಜಾನೆಗೆ ಆ ವರ್ಷ ಹಣ ಹರಿದುಬರುತ್ತದೆ, ನಿಜ. ಆದರೆ ಇಡೀ ವರ್ಷ ಶಾಲೆಗೆ ಬಾರದ ಹುಡುಗನಿಗೆ ಕೃಪಾಂಕ ಕೊಟ್ಟು, ದಿನವೂ ಬಂದವನಿಗೆ ಏನೂ ಕೊಡದಿದ್ದರೆ ಮುಂದಿನ ವರ್ಷ ತರಗತಿಯಲ್ಲಿ ಎಷ್ಟು ಮಂದಿ ಕೂರುತ್ತಾರೆ? ಕಷ್ಟದಲ್ಲಿರುವ ಬಡವನಿಗೆ ಕಂತು ಕೊಡಿ, ರೋಗಿಗೆ ಕಾಲಾವಕಾಶ ಕೊಡಿ, ನನ್ನ ತಕರಾರಿಲ್ಲ. ಎರಡು ಅಂತಸ್ತಿನ ಮನೆಯವನಿಗೂ ತಗಡಿನ ಮನೆಯವಳಿಗೂ ಒಂದೇ ಮನ್ನಾ ಎಂಬುದು ದಯೆಯಲ್ಲ. ಅದು ತಗಡಿನ ಮನೆಯವಳ ಪ್ರಾಮಾಣಿಕತೆಗೆ ಹಾಕಿದ ದಂಡ.

ಎರಡನೆಯ ಮಿತ್ರರ ಮಾತು: ನೀರಿಲ್ಲ, ಆದ್ದರಿಂದ ಪಟ್ಟಿಯಿಲ್ಲ. ಇದು ಅರೆಸತ್ಯ. ಕಲಬುರಗಿಗೆ ಭೀಮಾ ಮತ್ತು ಬೆಣ್ಣೆತೊರಾ ಹೊಳೆಗಳ ನೀರು ಬರುತ್ತದೆ. ನಗರದ ಕೆಲವು ವಾರ್ಡುಗಳಲ್ಲಿ 2008ರ ಸುಮಾರಿಗೆ ನಿರಂತರ ನೀರಿನ ಪ್ರಾಯೋಗಿಕ ಯೋಜನೆಯೂ ನಡೆಯಿತು. ನೀರಿನ ದರ ಬೇರೆಯ ಖಾತೆ, ಅದರ ಬಿಲ್ಲು ಬೇರೆ. ನಳದ ಸಿಟ್ಟನ್ನು ಮನೆಪಟ್ಟಿಯ ಮೇಲೆ ತೀರಿಸಿದರೆ ಬೀದಿದೀಪವೂ ಆರುತ್ತದೆ, ಗಟಾರವೂ ತುಂಬುತ್ತದೆ. ವೈದ್ಯರ ಮೇಲೆ ಮುನಿಸಿಕೊಂಡು ಊಟ ಬಿಟ್ಟಂತೆ ಇದು. ಆದರೆ ಮಾತಿನ ಉಳಿದ ಅರ್ಧ ಸತ್ಯ: ಕೊಟ್ಟ ಹಣ ಎಲ್ಲಿ ಹೋಯಿತೆಂದು ಕೇಳುವ ಹಕ್ಕು ಕೊಟ್ಟವನಿಗಿದೆ. ಕೊಡದವನಿಗೆ ಆ ಪ್ರಶ್ನೆ ಕೇಳಲು ಬಾಯಿಲ್ಲ. ಆದ್ದರಿಂದಲೇ ಪಟ್ಟಿ ಕಟ್ಟಿದ ನಾನು ಈಗ ಕೇಳುತ್ತೇನೆ.

ಮೊದಲನೆಯ ಪ್ರಶ್ನೆ ಉಪಕರಗಳದು. ನಿಮ್ಮ ಚಲನ್ನನ್ನು ತೆಗೆದು ನೋಡಿ. ಕರದ ಮೇಲೆ ಆರೋಗ್ಯ ಉಪಕರ ಶೇ. 15, ಗ್ರಂಥಾಲಯ ಉಪಕರ ಶೇ. 6, ಭಿಕ್ಷುಕರ ಉಪಕರ ಶೇ. 3. 1000 ರೂಪಾಯಿಯ ಕರಕ್ಕೆ 240 ರೂಪಾಯಿ ಇವೇ ಆದವು. ಇವು ಸ್ಥಳೀಯ ಸಂಸ್ಥೆಯ ಸ್ವಂತ ಖರ್ಚಿಗಲ್ಲ. ರಾಜ್ಯದ ಬೇರೆ ಬೇರೆ ಕಾಯದೆಗಳಂತೆ ವಸೂಲು ಮಾಡಿ ಬೇರೆಯವರಿಗೆ ಒಪ್ಪಿಸಬೇಕಾದ ಹಣ. ಜನ ಬೈಯುವುದು ಮಾತ್ರ ಸ್ಥಳೀಯ ಸಂಸ್ಥೆಯನ್ನೇ. ಅದಕ್ಕಿಂತ ನೋವಿನ ಸಂಗತಿ, ವಸೂಲಾದ ಗ್ರಂಥಾಲಯ ಉಪಕರ ಸಕಾಲಕ್ಕೆ ಗ್ರಂಥಾಲಯಗಳನ್ನು ಸೇರುವುದಿಲ್ಲವೆಂಬ ದೂರು ನಾಡಿನಾದ್ಯಂತ ಹಳೆಯದು. ಪುಸ್ತಕದ ಹೆಸರಿನಲ್ಲಿ ನನ್ನಿಂದ ಪಡೆದ ಹಣ ಪುಸ್ತಕವಾಗದಿದ್ದರೆ, ಶಿಕ್ಷಕನಾದ ನನಗೆ ಹೊಟ್ಟೆಯುರಿಯದೆ ಇರುತ್ತದೆಯೇ? ವಸೂಲಾದ ಉಪಕರವೆಷ್ಟು, ಒಪ್ಪಿಸಿದ್ದೆಷ್ಟು ಎಂಬ ಎರಡು ಅಂಕಿಗಳನ್ನು ಪ್ರತಿ ವರ್ಷ ಕಚೇರಿಯ ಗೋಡೆಯ ಮೇಲೆ ಬರೆಸಲು ಎಷ್ಟು ಸುಣ್ಣ ಬೇಕು?

ಎರಡನೆಯ ಪ್ರಶ್ನೆ ದರ ಏರಿಕೆಯದು. ಹಿಂದೆ ಮೂರು ವರ್ಷಕ್ಕೊಮ್ಮೆ ಕರ ಏರುತ್ತಿತ್ತು. 2020ರಲ್ಲಿ ಕೊರೊನಾದ ಹೊತ್ತಿನಲ್ಲಿ ರಾಜ್ಯಗಳು ಹೆಚ್ಚುವರಿ ಸಾಲ ಪಡೆಯಲು ಕೇಂದ್ರ ಸರ್ಕಾರ ವಿಧಿಸಿದ ಷರತ್ತುಗಳಲ್ಲಿ, ಆಸ್ತಿ ತೆರಿಗೆಯನ್ನು ಮಾರ್ಗಸೂಚಿ ಬೆಲೆಗೆ ಹೊಂದಿಸಬೇಕೆಂಬುದೂ ಒಂದು. ಹದಿನೈದನೆಯ ಹಣಕಾಸು ಆಯೋಗವೂ ನಗರಗಳ ಅನುದಾನಕ್ಕೆ ಕನಿಷ್ಠ ದರದ ಅಧಿಸೂಚನೆಯನ್ನು ಷರತ್ತಾಗಿಸಿತು. ನಮ್ಮ ರಾಜ್ಯ ಕಾಯದೆಯನ್ನು ತಿದ್ದಿತು. ಮೌಲ್ಯಕ್ಕೆ ತಕ್ಕ ಕರ ಎಂಬ ತತ್ತ್ವಕ್ಕೆ ನನ್ನ ವಿರೋಧವಿಲ್ಲ. ಸೇಡಂ ರಸ್ತೆಯ ನಿವೇಶನಕ್ಕೂ ಊರ ಹೊರಗಿನ ನಿವೇಶನಕ್ಕೂ ಒಂದೇ ಕರವಿರಬಾರದು. ಆದರೆ ವಹಿಯಲ್ಲಿ ಹೆಸರಿರುವವನ ಕರವನ್ನು ಏರಿಸುವುದು ಸುಲಭ, ವಹಿಯಲ್ಲೇ ಇಲ್ಲದವನನ್ನು ಹುಡುಕುವುದು ಕಷ್ಟ. 2016-17ರ ಕೇಂದ್ರ ಆರ್ಥಿಕ ಸಮೀಕ್ಷೆ ಉಪಗ್ರಹ ಚಿತ್ರಗಳ ನೆರವಿನಿಂದ ಲೆಕ್ಕ ಹಾಕಿ, ಬೆಂಗಳೂರು ಮತ್ತು ಜೈಪುರ ನಗರಗಳು ಬರಬೇಕಾದ ಆಸ್ತಿ ತೆರಿಗೆಯಲ್ಲಿ ಶೇ. 5ರಿಂದ 20ರಷ್ಟನ್ನು ಮಾತ್ರ ವಸೂಲು ಮಾಡುತ್ತಿವೆಯೆಂದು ಹೇಳಿತು. ರಾಜಧಾನಿಗಳ ಪಾಡೇ ಹೀಗಿದ್ದರೆ, 2011ರ ಜನಗಣತಿಯಲ್ಲೇ 5 ಲಕ್ಷ 33 ಸಾವಿರ ಜನರಿದ್ದು, ವರ್ತುಲ ರಸ್ತೆಯಾಚೆಗೂ ಬೆಳೆದಿರುವ ನಮ್ಮಂತಹ ನಗರದ ವಿಷಯದಲ್ಲಿ ಎಷ್ಟು ಎಚ್ಚರ ಬೇಕು? ಹಾಜರಿದ್ದ ಮಕ್ಕಳಿಗೇ ಮತ್ತೆ ಮತ್ತೆ ಮನೆಗೆಲಸ ಕೊಟ್ಟು, ಗೈರುಹಾಜರಾದವರ ಮನೆ ಹುಡುಕದ ಶಿಕ್ಷಕನನ್ನು ನಾವು ಸೋಮಾರಿ ಎನ್ನುತ್ತಿದ್ದೆವು.

2025ರ ಆರಂಭದಲ್ಲಿ ಅನಧಿಕೃತ ಬಡಾವಣೆಗಳ ಆಸ್ತಿಗಳಿಗೂ 'ಬಿ' ಖಾತೆ ಕೊಟ್ಟು ಕರದ ವ್ಯಾಪ್ತಿಗೆ ತರುವ ಅಭಿಯಾನ ರಾಜ್ಯದಾದ್ಯಂತ ನಡೆಯಿತು. ವಹಿಯ ಹೊರಗಿದ್ದವರನ್ನು ಒಳಗೆ ತಂದದ್ದನ್ನು ನಾನು ಸ್ವಾಗತಿಸುತ್ತೇನೆ. ಆದರೆ ಒಂದು ಎಚ್ಚರಿಕೆ. ಆ ಬಡಾವಣೆಯ ಬಡವ ಕರ ಕಟ್ಟುವುದು ನನ್ನ ಕಮಲಾಪುರದ ವಿಧವೆಯಂತೆ, ಚೀಟಿಗಾಗಿ. ಅವನಿಂದ ಚೀಟಿಯ ಬೆಲೆಯನ್ನು ಪಡೆದು, ಗಟಾರ ಕೇಳಿದಾಗ "ನಿನ್ನದು ಅನಧಿಕೃತ" ಎಂದರೆ ಅದು ಮೋಸ. ನಿವೇಶನಗಳನ್ನು ಕತ್ತರಿಸಿ ಮಾರಿ ಹಣ ಎಣಿಸಿಕೊಂಡು ಹೋದವನನ್ನು ಬಿಟ್ಟು, ಕೊಂಡವನ ಬಾಗಿಲು ಮಾತ್ರ ತಟ್ಟಿದರೆ ಅದು ನ್ಯಾಯವಲ್ಲ.

ಮೂರನೆಯ ಪ್ರಶ್ನೆ ಸರ್ಕಾರದ್ದೇ. ಸಂವಿಧಾನದ 285ನೆಯ ವಿಧಿಯಂತೆ ಕೇಂದ್ರ ಸರ್ಕಾರದ ಆಸ್ತಿಗೆ ಸ್ಥಳೀಯ ಕರವಿಲ್ಲ. ಆದರೆ ದೀಪ, ರಸ್ತೆ, ಚರಂಡಿಗಳ ಉಪಯೋಗ ಪಡೆಯುವುದರಿಂದ ಸೇವಾ ಶುಲ್ಕ ಕೊಡಬೇಕೆಂಬ ವ್ಯವಸ್ಥೆ 2009ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟಿನ ಮುಂದೆ ರಾಜಕೋಟ್ ಮಹಾನಗರ ಪಾಲಿಕೆಯ ಪ್ರಕರಣದಲ್ಲಿ ಇತ್ಯರ್ಥವಾಯಿತು. ಪಡೆಯುವ ಸೇವೆಯ ಪ್ರಮಾಣಕ್ಕೆ ತಕ್ಕಂತೆ ಕರದ ಮೂರನೇ ಒಂದು ಭಾಗ, ಅರ್ಧ, ಇಲ್ಲವೇ ಮುಕ್ಕಾಲು ಭಾಗ. ಯಾವ ಊರಿನಲ್ಲಿ ಯಾವ ಕಚೇರಿ ಎಷ್ಟು ಕೊಟ್ಟಿತು, ಎಷ್ಟು ಉಳಿಸಿತು ಎಂಬ ಪಟ್ಟಿ ಬಹಿರಂಗವಾಗಲಿ. ಝೆರಾಕ್ಸ್ ಅಂಗಡಿಯ ಬಾಗಿಲಿಗೆ ನೋಟಿಸು ಅಂಟಿಸುವ ಕೈ, ದೊಡ್ಡ ಕಂಬಗಳ ಕಟ್ಟಡದ ಮುಂದೆ ನಡುಗಬಾರದು.

ನಾಲ್ಕನೆಯದು ಪ್ರಾತಿನಿಧ್ಯದ ಪ್ರಶ್ನೆ. ಕಲಬುರಗಿಯ 55 ವಾರ್ಡುಗಳಿಗೆ 2021ರ ಸೆಪ್ಟೆಂಬರ್‌ನಲ್ಲಿ ಚುನಾವಣೆ ನಡೆಯಿತು. ಮೇಯರ್ ಆಯ್ಕೆಯಾದದ್ದು 2023ರ ಮಾರ್ಚ್‌ನಲ್ಲಿ. ಒಂದೂವರೆ ವರ್ಷ ಆಯ್ಕೆಯಾದವರು ಆಯ್ಕೆಯಾಗಿಯೇ ಉಳಿದರು. ಪಟ್ಟಿಯ ವಸೂಲಿ ಮಾತ್ರ ನಿಲ್ಲಲಿಲ್ಲ. ಕರ ಕಟ್ಟಲು ತಡ ಮಾಡಿದರೆ ನನಗೆ ತಿಂಗಳಿಗೆ ಶೇ. 2. ಪ್ರಜಾಪ್ರಭುತ್ವವನ್ನು ತಡ ಮಾಡಿದವರಿಗೆ ಶೇ. ಎಷ್ಟು?

ಬೈದು ಸುಮ್ಮನಾಗುವುದು ಶಿಕ್ಷಕನ ಲಕ್ಷಣವಲ್ಲ. ತಿದ್ದುವ ದಾರಿಯನ್ನೂ ಹೇಳಬೇಕು. ದಾರಿ ಹಳ್ಳಿಯಲ್ಲೇ ಇದೆ. ನಮ್ಮ ಪಂಚಾಯಿತಿಗಳಲ್ಲಿ ಪ್ರತಿ ವರ್ಷ ಆಗಸ್ಟ್ 16ರಿಂದ ಸೆಪ್ಟೆಂಬರ್ 15ರ ಒಳಗೆ ಜಮಾಬಂದಿ ನಡೆಸಬೇಕೆಂಬ ನಿಯಮ 2004ರಿಂದ ಇದೆ. ಜಮಾ, ಬಾಕಿ, ವಸೂಲಿ, ರಸೀದಿ ಈ ಶಬ್ದಗಳೆಲ್ಲ ಹಳೆಯ ಕಾಲದಿಂದ ನಮ್ಮ ಭಾಗದ ಜನರ ಬಾಯಲ್ಲಿ ಬೆರೆತವು. ಆಗ ಜಮಾಬಂದಿಯೆಂದರೆ ರೈತನ ಲೆಕ್ಕವನ್ನು ಸರ್ಕಾರ ಕೇಳುವುದು. ಈಗ ಅದೇ ಶಬ್ದಕ್ಕೆ ಪಂಚಾಯಿತಿಯ ಲೆಕ್ಕವನ್ನು ಜನ ಕೇಳುವುದು ಎಂಬ ಅರ್ಥ ಬಂದಿದೆ. ಇಷ್ಟು ಸೊಗಸಾಗಿ ತಲೆಕೆಳಗಾದ ಶಬ್ದ ಇನ್ನೊಂದನ್ನು ನಾನು ಕಂಡಿಲ್ಲ. ಹಳ್ಳಿಯ ಹಣ್ಣು ಮಾರುವವಳಿಗೆ ಇರುವ ಈ ಹಕ್ಕು ಕಲಬುರಗಿಯ ನಿವೃತ್ತ ಅಧಿಕಾರಿಗೇಕೆ ಬೇಡ? ಪುರಸಭೆ, ನಗರಸಭೆ, ಮಹಾನಗರ ಪಾಲಿಕೆಗಳಲ್ಲೂ ವಾರ್ಡಿಗೊಂದು ಜಮಾಬಂದಿ ನಡೆಯಲಿ. ಮಹಾನಗರ ಪಾಲಿಕೆಗಳ ಕಾಯದೆಯಲ್ಲಿ ವಾರ್ಡ್ ಸಮಿತಿಗಳಿಗೆ ಅವಕಾಶವಿದೆ. ಆ ಸಮಿತಿಯ ಮುಂದೆ ಬೇಡಿಕೆ, ವಸೂಲಿ, ಬಾಕಿ ಎಂಬ ಮೂರು ಅಂಕಣಗಳನ್ನು ಗಟ್ಟಿಯಾಗಿ ಓದಲಿ. ದೊಡ್ಡ ಬಾಕಿದಾರರಿಂದ ಆರಂಭಿಸಲಿ. ವಾರ್ಡಿನಿಂದ ಬಂದ ಹಣವೆಷ್ಟು, ವಾರ್ಡಿಗೆ ಮರಳಿದ್ದೆಷ್ಟು ಎಂಬುದನ್ನೂ ಹೇಳಲಿ. ಗಣಕಯಂತ್ರದಲ್ಲಿ ಎಲ್ಲವೂ ಇದೆಯೆಂಬ ಉತ್ತರ ಸಾಲದು. ಗಣಕಯಂತ್ರ ನನ್ನ ಬಾಕಿಯನ್ನು ನನಗೆ ತೋರಿಸುತ್ತದೆ. ಜಮಾಬಂದಿ ಊರಿನ ಬಾಕಿಯನ್ನು ಊರಿಗೆ ತೋರಿಸುತ್ತದೆ.

ಕರದ ಬಗ್ಗೆ ನಮ್ಮ ಹಿರಿಯರು ಹೂವಿಗೆ ನೋವಾಗದಂತೆ ಮಧು ಹೀರುವ ದುಂಬಿಯ ಹೋಲಿಕೆಯನ್ನು ಕೊಟ್ಟಿದ್ದಾರೆ. ಆ ಹೋಲಿಕೆ ಅರಸರ ಕಾಲಕ್ಕೆ ಸರಿ. ನಮ್ಮದು ಅರಸೊತ್ತಿಗೆಯಲ್ಲ, ಇಲ್ಲಿ ಹೂವೂ ನಾವೇ, ದುಂಬಿಯೂ ನಾವೇ. ಕಮಲಾಪುರದ ದಾರಿಯಲ್ಲೇ ಮುಂದೆ ಹೋದರೆ ಬಸವಕಲ್ಯಾಣ ಸಿಗುತ್ತದೆ. ಅಲ್ಲಿ ಬಿಜ್ಜಳನ ಭಂಡಾರವನ್ನು ನೋಡಿಕೊಂಡವರು ಬಸವಣ್ಣನವರೆಂದು ನಾವು ಹೆಮ್ಮೆಪಡುತ್ತೇವೆ. ಭಂಡಾರಿಯ ಕೈ ಶುದ್ಧವಾಗಿರಬೇಕೆಂದು ಬಯಸುವ ನಾವು, ಭಂಡಾರಕ್ಕೆ ಹಾಕುವ ನಮ್ಮ ಕೈಯನ್ನೂ ಒಮ್ಮೆ ನೋಡಿಕೊಳ್ಳಬೇಕಲ್ಲವೇ?

ನಾಳೆ ಬೆಳಗ್ಗೆ ಕೆರೆಯ ಬಳಿ ನನ್ನ ಮಿತ್ರರಿಗೆ ಇದನ್ನೆಲ್ಲ ಹೇಳುವೆನೋ ಇಲ್ಲವೋ ತಿಳಿಯದು. ಅಷ್ಟು ಹೊತ್ತು ಅವರು ಕೇಳಲಾರರು. ಆದರೆ ಒಂದು ಮಾತನ್ನು ಮಾತ್ರ ಕೇಳಬೇಕೆಂದಿದ್ದೇನೆ. ಅವರ ಮೊಮ್ಮಗಳು ಈ ವರ್ಷ ಹತ್ತನೆಯ ತರಗತಿ. ನಿಮ್ಮ ನಮೂನೆಯನ್ನು ಆ ಹುಡುಗಿಯ ಕೈಗೆ ಕೊಟ್ಟು, ಟೇಪು ಹಿಡಿದು ಮನೆಯನ್ನು ಅಳೆದು ತಾಳೆ ನೋಡು ಎಂದು ಹೇಳಬಲ್ಲಿರಾ? ಬಲ್ಲೆನೆಂದರೆ ಅವರೊಡನೆ ನಾನೂ ಕಚೇರಿಯ ಮುಂದೆ ನಿಂತು ಲೆಕ್ಕ ಕೇಳಲು ಸಿದ್ಧ.